ಕಲೆ, ವಲಸೆ, ಅಸ್ಮಿತೆ: ಆರು ಪುಸ್ತಕ ಆರಿಸುವುದು ಹೇಗೆ?

ಪ್ರಶ್ನೆ: ನಮ್ಮದು ಹತ್ತು-ಹನ್ನೆರಡು ಜನರ ಓದಿನ ಬಳಗ. ಇದುವರೆಗೆ ಕಥೆ, ಕಾದಂಬರಿಗಳನ್ನೇ ಓದಿಕೊಂಡು ಬಂದಿದ್ದೇವೆ. ಈ ಸಲ ಆರು ತಿಂಗಳಿಗೆ ಆರು ಪುಸ್ತಕ, ವಿಷಯ ‘ಕಲೆ, ವಲಸೆ ಮತ್ತು ಸಾಂಸ್ಕೃತಿಕ ಅಸ್ಮಿತೆ’ ಎಂದು ತೀರ್ಮಾನವಾಯಿತು. ಆಯ್ಕೆಯ ಹೊಣೆ ನನ್ನ ಮೇಲೆ ಬಿತ್ತು. ನಾಲ್ಕಾರು ಪುಸ್ತಕ ತಿರುವಿಹಾಕಿದ ಮೇಲೆ ಗೊಂದಲ ಇನ್ನಷ್ಟು ಹೆಚ್ಚಿದೆ. ಎಲ್ಲದರಲ್ಲೂ ‘ಎರಡು ಲೋಕಗಳ ನಡುವೆ’, ‘ಬೇರುಗಳ ಹುಡುಕಾಟ’ ಎಂಬ ಅದೇ ಮಾತು. ಬಳಗದ ಒಬ್ಬರು, ವಲಸೆಯನ್ನು ಸ್ವತಃ ಅನುಭವಿಸಿದವರು ಬರೆದದ್ದನ್ನು ಮಾತ್ರ ಓದೋಣ, ಉಳಿದದ್ದೆಲ್ಲ ಹೊರಗಿನವರ ಊಹೆ ಎನ್ನುತ್ತಾರೆ. ಇನ್ನೊಬ್ಬರು, ಮೂಲ ಚಿತ್ರ ನೋಡದೆ ಪುಸ್ತಕದಲ್ಲಿ ನೋಡಿ ಏನು ಬಂತು ಎನ್ನುತ್ತಾರೆ. ನಮ್ಮಲ್ಲಿ ಯಾರೂ ಕಲಾ ಇತಿಹಾಸ ಓದಿದವರಲ್ಲ. ಮೊದಲು ಸಿದ್ಧಾಂತದ ಪುಸ್ತಕ ಓದಬೇಕೆ? ದೊಡ್ಡ ಚಿತ್ರಪುಸ್ತಕಗಳು ದುಬಾರಿ. ಕೊಂಡ ಮೇಲೆ ಹಳಹಳಿಸದಿರಲು ಏನೇನು ನೋಡಿಕೊಳ್ಳಬೇಕು?

ಉತ್ತರ: ಎಲ್ಲ ಪುಸ್ತಕಗಳೂ ಒಂದೇ ಮಾತು ಹೇಳುತ್ತಿವೆ ಎಂದು ನಿಮಗೆ ಅನ್ನಿಸಿದ್ದು ಸರಿಯಾಗಿಯೇ ಇದೆ. ಈ ವಿಷಯದ ಎಷ್ಟೋ ಪುಸ್ತಕಗಳಲ್ಲಿ ತೀರ್ಮಾನ ಮೊದಲೇ ಆಗಿರುತ್ತದೆ, ಚಿತ್ರಗಳು ಆಮೇಲೆ ಬಂದು ಕೂತಿರುತ್ತವೆ. ಕಲಾವಿದ ಊರು ಬಿಟ್ಟ, ನೊಂದ, ನೆನಪಿನಿಂದ ಚಿತ್ರ ಬರೆದ, ಕೊನೆಗೆ ಬೇರು ಕಂಡುಕೊಂಡ. ಈ ಎರಕದಲ್ಲಿ ಯಾವ ದೇಶದ ಯಾರ ಹೆಸರು ಸುರಿದರೂ ಪುಸ್ತಕವೊಂದು ಆಗಿಬಿಡುತ್ತದೆ. ಹಾಗಾಗಿ ನಾನು ಹೇಳುವ ಅಳತೆಗೋಲು ಒಂದೇ. ಈ ಕೃತಿ ಯಾವ ವರ್ಷ, ಯಾವ ಊರಿನಲ್ಲಿ, ಯಾವ ಸಾಮಗ್ರಿಯಿಂದ, ಯಾರ ಕಣ್ಣಿಗಾಗಿ ಆಯಿತು ಎಂಬುದನ್ನು ಪುಸ್ತಕ ಹೇಳುತ್ತದೆಯೇ? ಅದನ್ನು ಹೇಳಿ, ಅಲ್ಲಿಂದ ವಲಸೆಯ ಮಾತಿಗೆ ಬರುವ ಪುಸ್ತಕ ನಿಮ್ಮ ಪಟ್ಟಿಗೆ ಸೇರಲಿ. ವಲಸೆಯ ಮಾತಿನಿಂದಲೇ ಶುರುವಾಗಿ ಚಿತ್ರವನ್ನು ಬರೀ ಸಾಕ್ಷಿಗೆ ಕರೆಯುವ ಪುಸ್ತಕವನ್ನು, ಎಷ್ಟೇ ಚೆಂದ ಬರೆದಿದ್ದರೂ, ಕಪಾಟಿಗೇ ವಾಪಸು ಇಡಿ.

‘ಎರಡು ಲೋಕ’ ಎಂಬ ಲೆಕ್ಕ

ವಲಸೆ ಎಂದರೆ ಅಲ್ಲಿ ಒಂದು ದಡ, ಇಲ್ಲಿ ಒಂದು ದಡ, ನಡುವೆ ಕಲಾವಿದ ಎಂಬ ಕಲ್ಪನೆ ಪುಸ್ತಕ ಬರೆಯುವವರಿಗೆ ಅನುಕೂಲ. ಕಲಾವಿದರ ಬದುಕಿನ ದಾಖಲೆ ಹಾಗಿರುವುದಿಲ್ಲ. ವಿಫ್ರೆಡೊ ಲಾಮ್ ಅವರನ್ನು ತೆಗೆದುಕೊಳ್ಳಿ. ಹುಟ್ಟಿದ್ದು 1902ರಲ್ಲಿ, ಕ್ಯೂಬಾದಲ್ಲಿ. ತಂದೆ ಚೀನಾದಿಂದ ಬಂದವರು. ತಾಯಿಯದು ಆಫ್ರಿಕನ್ ಮತ್ತು ಸ್ಪ್ಯಾನಿಷ್ ಮೂಲ. 1923ರಲ್ಲಿ ಕಲಿಯಲು ಮ್ಯಾಡ್ರಿಡ್‌ಗೆ ಹೋದರು, 1938ರಲ್ಲಿ ಪ್ಯಾರಿಸ್ ಸೇರಿದರು, ಯುದ್ಧ ಬಂದಾಗ ಮಾರ್ಸೇಗೆ ಸರಿದು, 1941ರಲ್ಲಿ ಹಡಗು ಹತ್ತಿ ಮಾರ್ಟಿನೀಕ್ ಮೂಲಕ ಕ್ಯೂಬಾಕ್ಕೆ ಮರಳಿದರು. ಇದರಲ್ಲಿ ಯಾವ ಎರಡು ಲೋಕಗಳನ್ನು ಆರಿಸಿಕೊಳ್ಳುವುದು? ಮರಳಿದ ಮೇಲೆ, 1942–43ರಲ್ಲಿ, ಅವರು ಬರೆದ ‘ದಿ ಜಂಗಲ್’ ಎಂಬ ದೊಡ್ಡ ಚಿತ್ರವನ್ನು ‘ಮೂಲದ ಕಾಡಿಗೆ ಮರಳಿದ ಕಲಾವಿದ’ ಎಂದು ಓದುವುದು ಸುಲಭ. ಆದರೆ ಆ ಚಿತ್ರದಲ್ಲಿ ಎದ್ದು ಕಾಣುವ ಗಿಡ ಕಬ್ಬು. ಕಬ್ಬು ಕಾಡಿನಲ್ಲಿ ತಾನಾಗಿ ಬೆಳೆಯುವುದಿಲ್ಲ. ಕ್ಯೂಬಾದಲ್ಲಿ ಅದು ಗುಲಾಮರ ದುಡಿಮೆಯಿಂದ ಬೆಳೆದ ತೋಟದ ಬೆಳೆ. ಕಬ್ಬನ್ನು ಗುರುತಿಸಿದ ಪುಸ್ತಕ ನಿಮ್ಮನ್ನು ಸಕ್ಕರೆಯ ಇತಿಹಾಸಕ್ಕೆ ಕರೆದೊಯ್ಯುತ್ತದೆ. ಗುರುತಿಸದ ಪುಸ್ತಕ ‘ಆದಿಮ ಶಕ್ತಿ’ ಎಂಬಂಥ ಮಾತುಗಳಲ್ಲೇ ನಿಂತುಬಿಡುತ್ತದೆ.

ಎರಡನೆಯ ಸುಲಭದ ಮಾತು, ಊರು ಬಿಟ್ಟವರೆಲ್ಲ ನೋವಿನಿಂದ ಬಿಟ್ಟವರು ಎನ್ನುವುದು. ಮಾರ್ಕ್ ಶಗಾಲ್ ಅವರ ‘ಐ ಆ್ಯಂಡ್ ದಿ ವಿಲೇಜ್’ನಲ್ಲಿ ಹಳ್ಳಿ, ಹಸು, ತಲೆಕೆಳಗಾದ ಮನೆ ಎಲ್ಲ ಇವೆ. ಕಳೆದುಹೋದ ಊರಿಗಾಗಿ ದುಃಖ ಎಂದು ಅದನ್ನು ವಿವರಿಸುವುದು ರೂಢಿ. ವರ್ಷ ನೋಡಿ: 1911. ಆಗಷ್ಟೇ ಅವರು ಪೋಷಕರೊಬ್ಬರ ಹಣದ ನೆರವಿನಿಂದ ಕಲಿಯಲೆಂದು ಪ್ಯಾರಿಸ್‌ಗೆ ಬಂದಿದ್ದ ಇಪ್ಪತ್ತರ ಹರೆಯದ ಹುಡುಗ. ಊರು ಕಳೆದಿರಲಿಲ್ಲ, 1914ರಲ್ಲಿ ಅವರು ವಿಟೆಬ್ಸ್ಕ್‌ಗೆ ಮರಳಿಯೂ ಮರಳಿದರು. ರಷ್ಯಾವನ್ನು ಪೂರ್ತಿ ಬಿಟ್ಟದ್ದು 1922ರಲ್ಲಿ, ನಾಜಿಗಳಿಂದ ತಪ್ಪಿಸಿಕೊಂಡು ಅಮೆರಿಕಕ್ಕೆ ಹೋದದ್ದು 1941ರಲ್ಲಿ. ಆಮೇಲಿನ ದುರಂತವನ್ನು ಹಿಂದಕ್ಕೆ ತಂದು 1911ರ ಚಿತ್ರದ ಮೇಲೆ ಹೇರಿದರೆ ಆ ಚಿತ್ರದ ತುಂಟತನವೆಲ್ಲ ಸತ್ತುಹೋಗುತ್ತದೆ. ವಿದ್ಯಾರ್ಥಿವೇತನದ ಮೇಲೆ ಹೋಗುವುದು, ಕೆಲಸಕ್ಕೆ ಹೋಗುವುದು, ಗಡಿಪಾರಾಗುವುದು, ಯುದ್ಧಕ್ಕೆ ಹೆದರಿ ಓಡುವುದು, ನಾಲ್ಕು ದಿನಕ್ಕೆಂದು ಹೋಗಿ ಸಿಕ್ಕಿಹಾಕಿಕೊಳ್ಳುವುದು ಎಲ್ಲವೂ ಬೇರೆಬೇರೆ. ಬೈರೂತ್‌ನಲ್ಲಿ ಹುಟ್ಟಿದ ಪ್ಯಾಲೆಸ್ಟೀನಿ ಕುಟುಂಬದ ಮೋನಾ ಹತೂಮ್ 1975ರಲ್ಲಿ ಲಂಡನ್‌ಗೆ ಹೋಗಿದ್ದು ಸುಮ್ಮನೆ ಭೇಟಿಗೆ. ಆಗಲೇ ಲೆಬನಾನಿನಲ್ಲಿ ಅಂತರ್ಯುದ್ಧ ಶುರುವಾಗಿ ಹಿಂದಿರುಗುವ ದಾರಿ ಮುಚ್ಚಿತು. ಎಲ್ಲರಿಗೂ ‘ವಲಸಿಗ’ ಎಂಬ ಒಂದೇ ಪದ ಬಳಸಿ ಮುಂದೆ ಹೋಗುವ ಪುಸ್ತಕದಲ್ಲಿ ಈ ವ್ಯತ್ಯಾಸಗಳು ಸಿಗುವುದಿಲ್ಲ.

ಮೂರನೆಯದು ‘ಅಪ್ಪಟ ಸಂಸ್ಕೃತಿ’. ಇದಕ್ಕೆ ಯಿಂಕಾ ಶೋನಿಬಾರೆ ಅವರ ಕೃತಿಗಳಲ್ಲಿನ ಬಟ್ಟೆಗಿಂತ ಒಳ್ಳೆಯ ಮದ್ದು ಇಲ್ಲ. ಢಾಳಾದ ಬಣ್ಣದ ಆ ಬಟ್ಟೆಯನ್ನು ನೋಡಿದವರು ಆಫ್ರಿಕಾದ್ದು ಎಂದು ತಕ್ಷಣ ಹೇಳುತ್ತಾರೆ. ವಿನ್ಯಾಸದ ಮೂಲ ಇಂಡೋನೇಷ್ಯಾದ ಬಾಟಿಕ್. ಅದನ್ನು ಯಂತ್ರದಲ್ಲಿ ಅನುಕರಿಸಿ ತಯಾರಿಸಿದವರು ಡಚ್ಚರು. ಕೊಂಡು ತಮ್ಮದಾಗಿಸಿಕೊಂಡವರು ಪಶ್ಚಿಮ ಆಫ್ರಿಕಾದ ಜನ. ಶೋನಿಬಾರೆ ಅದನ್ನು ಕೊಂಡದ್ದು ಲಂಡನ್ನಿನ ಬ್ರಿಕ್ಸ್ಟನ್ ಮಾರುಕಟ್ಟೆಯಲ್ಲಿ. ಅವರೂ ಲಂಡನ್ನಿನಲ್ಲಿ 1962ರಲ್ಲಿ ಹುಟ್ಟಿ, ಲಾಗೋಸ್‌ನಲ್ಲಿ ಬೆಳೆದು, ಮತ್ತೆ ಬ್ರಿಟನ್ನಿಗೆ ಬಂದವರು. ಇಷ್ಟು ಹಾದಿಯನ್ನು ವಿವರಿಸದೆ ‘ತನ್ನ ನೈಜೀರಿಯನ್ ಬೇರುಗಳನ್ನು ಸಂಭ್ರಮಿಸುತ್ತಾರೆ’ ಎಂದು ಬರೆದ ಪುಸ್ತಕ ಕಂಡರೆ ಅಲ್ಲಿಗೇ ಮುಚ್ಚಬಹುದು.

‘ಬೇರಿಗೆ ಮರಳುವುದು’ ಎಂಬುದೂ ಹೀಗೆಯೇ. ಅಮೃತಾ ಶೇರ್ಗಿಲ್ ಬುಡಾಪೆಸ್ಟ್‌ನಲ್ಲಿ 1913ರಲ್ಲಿ ಹುಟ್ಟಿದರು. ತಾಯಿ ಹಂಗೇರಿಯವರು, ತಂದೆ ಸಿಖ್ಖರು. ಪ್ಯಾರಿಸ್‌ನಲ್ಲಿ ಕಲಿತು 1934ರಲ್ಲಿ ಭಾರತಕ್ಕೆ ಬಂದರು, ಅಜಂತಾ ನೋಡಿದರು, ದಕ್ಷಿಣ ಭಾರತ ಸುತ್ತಿದರು, 1937ರಲ್ಲಿ ‘ಬ್ರಹ್ಮಚಾರಿಗಳು’ ಮೊದಲಾದ ಮೂರು ಪ್ರಸಿದ್ಧ ಚಿತ್ರಗಳನ್ನು ಬರೆದರು. ಮರಳುವಿಕೆಯ ಕಥೆಗೆ ಇದಕ್ಕಿಂತ ಚೊಕ್ಕ ಸರಕು ಬೇಕೆ? ಆದರೆ ಅದೇ 1934ರಲ್ಲಿ ಅವರು ತಮ್ಮನ್ನೇ ಪೆಸಿಫಿಕ್ ಸಾಗರದ ತಾಹಿತಿ ದ್ವೀಪದ ಹೆಣ್ಣಿನಂತೆ ಬರೆದುಕೊಂಡ ಚಿತ್ರವೂ ಇದೆ. ಫ್ರೆಂಚ್ ಚಿತ್ರಕಾರ ಗೊಗ್ಯಾಂ ಬರೆದ ತಾಹಿತಿಯ ಹೆಂಗಸರನ್ನು ನೋಡಿ ಅರಗಿಸಿಕೊಂಡ ಕಣ್ಣು ಅದು. ಅಜಂತಾದ ಗೋಡೆಯನ್ನು ನೋಡಿದ್ದೂ ಅದೇ ಕಣ್ಣು. ಈ ಎರಡನ್ನೂ ಅಕ್ಕಪಕ್ಕದ ಪುಟದಲ್ಲಿ ಇಡುವ ಪುಸ್ತಕ ಸಿಕ್ಕರೆ ಬಿಡಬೇಡಿ.

ಒಳಗಿನವರು ಬರೆದರೆ ಸಾಕೆ?

ನಿಮ್ಮ ಬಳಗದವರ ಮಾತಿನಲ್ಲಿ ನ್ಯಾಯವಿದೆ. ವಲಸೆ ಬಂದ ಕಲಾವಿದರ ಬಗ್ಗೆ ಬಹುಕಾಲ ಬರೆದವರು ಮ್ಯೂಸಿಯಂಗಳ ಅಧಿಕಾರಿಗಳು ಮತ್ತು ಆ ದೇಶದ ವಿಮರ್ಶಕರೇ. 1989ರಲ್ಲಿ ಲಂಡನ್ನಿನ ಹೇವರ್ಡ್ ಗ್ಯಾಲರಿಯಲ್ಲಿ ರಶೀದ್ ಅರಾಈನ್ ‘ದಿ ಅದರ್ ಸ್ಟೋರಿ’ ಎಂಬ ಪ್ರದರ್ಶನ ಕಟ್ಟಿ, ಯುದ್ಧಾನಂತರದ ಬ್ರಿಟನ್ನಿನ ಆಫ್ರಿಕನ್ ಮತ್ತು ಏಷ್ಯನ್ ಮೂಲದ ಕಲಾವಿದರನ್ನು ಒಂದೆಡೆ ತಂದಾಗಲೇ ಆ ಇತಿಹಾಸದ ಖಾಲಿ ಜಾಗ ಎಷ್ಟು ದೊಡ್ಡದೆಂದು ಬಹಳ ಜನರಿಗೆ ತಿಳಿದದ್ದು. ಅರಾಈನ್ ಕೂಡ ಪಾಕಿಸ್ತಾನದಿಂದ ಬಂದು ಲಂಡನ್ನಿನಲ್ಲಿ ನೆಲೆಸಿದ ಕಲಾವಿದರು. ಆದರೆ ಅನೀಶ್ ಕಪೂರ್ ಅಂಥವರು ಆ ಪ್ರದರ್ಶನದಲ್ಲಿ ಸೇರಲು ಒಪ್ಪಲಿಲ್ಲ ಎಂಬುದನ್ನೂ ನೆನಪಿಡಿ. ‘ವಲಸೆ ಕಲಾವಿದ’ ಎಂಬ ಹಣೆಪಟ್ಟಿಯೇ ಬೇಡ ಎನ್ನುವವರೂ ಒಳಗಿನವರೇ. ಸಂಕಲನವೊಂದನ್ನು ಕೈಗೆತ್ತಿಕೊಂಡಾಗ ಯಾರಿದ್ದಾರೆ ಎಂಬುದರ ಜೊತೆಗೆ ಯಾರಿಲ್ಲ, ಏಕಿಲ್ಲ ಎಂಬುದಕ್ಕೆ ಮುನ್ನುಡಿಯಲ್ಲಿ ಒಂದು ಸಾಲಾದರೂ ಇದೆಯೇ ನೋಡಿ.

ಅನುಭವವೇ ಪ್ರಮಾಣವಾದರೆ ಜೇಕಬ್ ಲಾರೆನ್ಸ್ ಅವರನ್ನು ಏನು ಮಾಡುತ್ತೀರಿ? ಅಮೆರಿಕದ ದಕ್ಷಿಣದಿಂದ ಉತ್ತರದ ನಗರಗಳಿಗೆ ಕಪ್ಪು ಜನರು ಲಕ್ಷಗಟ್ಟಲೆ ಹೋದ ಕಥೆಯನ್ನು ಅವರು 1941ರಲ್ಲಿ 60 ಫಲಕಗಳಲ್ಲಿ ಬರೆದು ಮುಗಿಸಿದಾಗ ವಯಸ್ಸು 23. ವಲಸೆ ಬಂದವರು ಅವರ ತಂದೆತಾಯಿ. ಅವರು ಹುಟ್ಟಿದ್ದು ಉತ್ತರದ ನ್ಯೂಜೆರ್ಸಿಯಲ್ಲಿ. ಕಥೆ ಕಟ್ಟಿದ್ದು ಮನೆಮಂದಿಯ ಮಾತಿನಿಂದ ಮತ್ತು ಹಾರ್ಲೆಮ್‌ನ ಗ್ರಂಥಾಲಯದಲ್ಲಿ ಕೂತು ಓದಿದ್ದರಿಂದ. ಮೊದಲು ಅಡಿಬರಹಗಳನ್ನು ಬರೆದರು, ಆಮೇಲೆ ಚಿತ್ರ. 60 ಫಲಕಗಳನ್ನೂ ಒಟ್ಟಿಗೆ ಹರಡಿಕೊಂಡು ಒಂದು ಬಣ್ಣವನ್ನು ಬೇಕಾದ ಕಡೆಯೆಲ್ಲ ಹಚ್ಚಿ, ನಂತರ ಇನ್ನೊಂದು ಬಣ್ಣ. ಅದಕ್ಕೇ ಮೊದಲ ಫಲಕದ ನೀಲಿಗೂ ಕೊನೆಯದರ ನೀಲಿಗೂ ಹೊಂದಿಕೆ. ಈ ಕೆಲಸ ಇನ್ನೊಂದು ಭ್ರಮೆಯನ್ನೂ ಕಳೆಯುತ್ತದೆ: ವಲಸೆ ಎಂದರೆ ದೇಶದ ಗಡಿ ದಾಟಲೇಬೇಕೆಂದಿಲ್ಲ.

ಇನ್ನು ಒಳಗಿನ ಸಾಕ್ಷ್ಯ ಕೈಕೊಟ್ಟ ಪ್ರಸಂಗ. ಚಿತ್ರಕಾರ ಅರ್ಶೀಲ್ ಗೋರ್ಕಿಯವರದು ಇಟ್ಟುಕೊಂಡ ಹೆಸರು. ಹುಟ್ಟುಹೆಸರು ವೋಸ್ಟಾನಿಕ್ ಅದೋಯನ್, ಆಟೊಮನ್ ಸಾಮ್ರಾಜ್ಯದ ವಾನ್ ಸರೋವರದ ಬಳಿಯ ಅರ್ಮೇನಿಯನ್. ನರಮೇಧದಿಂದ ತಪ್ಪಿಸಿಕೊಂಡರೂ ತಾಯಿ 1919ರಲ್ಲಿ ಹಸಿವಿನಿಂದ ತೀರಿಕೊಂಡರು; ಹುಡುಗ 1920ರಲ್ಲಿ ಅಮೆರಿಕ ಸೇರಿದ. ಅಲ್ಲಿ ತಾನು ರಷ್ಯನ್ ಲೇಖಕ ಗೋರ್ಕಿಯ ಸಂಬಂಧಿ ಎಂದು ಹೇಳಿಕೊಂಡು ತಿರುಗಿದ. ಅವರು ತೀರಿಕೊಂಡ ಎಷ್ಟೋ ವರ್ಷಗಳ ಮೇಲೆ ಸಂಬಂಧಿಕರೊಬ್ಬರು ಅವರ ಪತ್ರಗಳೆಂದು ಅನುವಾದಿಸಿ ಪ್ರಕಟಿಸಿದರು. ತಾಯ್ನಾಡಿನ ಬಗ್ಗೆ ಭಾವುಕ ಸಾಲುಗಳು, ಯಾರಿಗಾದರೂ ಉದ್ಧರಿಸಬೇಕೆನಿಸುವಂಥವು, ಉದ್ಧರಿಸಿದರೂ ಕೂಡ. ನಂತರದ ಜೀವನಚರಿತ್ರೆಕಾರರು ಅವುಗಳಲ್ಲಿ ಹಲವು ಕಲ್ಪಿತ ಎಂದು ತೀರ್ಮಾನಿಸಿದರು. ಹೀಗಾಗಿ ಗೋರ್ಕಿಯ ಬಗ್ಗೆ ಹಳೆಯ ಪುಸ್ತಕ ಕೊಳ್ಳುವಾಗ ಪ್ರಕಟಣೆಯ ವರ್ಷ ನೋಡಲೇಬೇಕು. ಹೊಸದಾದರೆ ಪತ್ರಗಳ ವಿವಾದವನ್ನು ಎತ್ತಿದೆಯೇ ಎಂದು ಪದಸೂಚಿಯಲ್ಲಿ ಹುಡುಕಿ.

ಚಿತ್ರವಾದರೋ ಸುಳ್ಳು ಹೇಳುವುದು ಕಡಿಮೆ. 1912ರಲ್ಲಿ ತೆಗೆಸಿದ ಒಂದು ಫೋಟೊದಲ್ಲಿ ಹುಡುಗ ಗೋರ್ಕಿ ನಿಂತಿದ್ದಾನೆ, ತಾಯಿ ಕೂತಿದ್ದಾರೆ. ತಾಯಿಯ ಉಡುಪಿನ ಮುಂಭಾಗದ ತುಂಬ ಹೂಬಳ್ಳಿ. ಆ ಫೋಟೊ ಇಟ್ಟುಕೊಂಡು ಗೋರ್ಕಿ 1926ರ ಸುಮಾರಿಗೆ ಶುರುಮಾಡಿ ವರ್ಷಗಟ್ಟಲೆ ತಿದ್ದಿದ ಎರಡು ತೈಲಚಿತ್ರಗಳಿವೆ: ಒಂದು ನ್ಯೂಯಾರ್ಕಿನ ವಿಟ್ನಿ ಮ್ಯೂಸಿಯಂನಲ್ಲಿ, ಇನ್ನೊಂದು ವಾಷಿಂಗ್ಟನ್ನಿನ ನ್ಯಾಷನಲ್ ಗ್ಯಾಲರಿಯಲ್ಲಿ. ಎರಡರಲ್ಲೂ ಹೂಬಳ್ಳಿ ಇಲ್ಲ, ಚಪ್ಪಟೆ ಬಣ್ಣವಿದೆ. ಕೈಗಳಿಗೆ ಬೆರಳುಗಳೇ ಮೂಡಿಲ್ಲ. ವಿಟ್ನಿಯ ಪ್ರತಿಯ ಮೇಲ್ಮೈಯನ್ನು ಬ್ಲೇಡಿನಿಂದ ಹೆರೆದು ಹೆರೆದು ನುಣುಪು ಮಾಡಲಾಗಿದೆ. ಜನಾಂಗದ ಗುರುತೆಂದು ಯಾರಾದರೂ ತೋರಿಸಬಹುದಾಗಿದ್ದ ಕಸೂತಿಯನ್ನು ಕಲಾವಿದರೇ ಅಳಿಸಿದ್ದಾರೆ. ಏಕೆ? ನಿಮ್ಮ ಬಳಗಕ್ಕೆ ಒಂದು ಸಂಜೆ ಪೂರ್ತಿ ಈ ಪ್ರಶ್ನೆಯೇ ಸಾಕು. ಫೋಟೊ ಮತ್ತು ಎರಡೂ ಚಿತ್ರಗಳನ್ನು ಒಟ್ಟಿಗೆ ಮುದ್ರಿಸಿರುವ ಪುಸ್ತಕವನ್ನೇ ಆರಿಸಿ. ಒಂದನ್ನೇ ಮುದ್ರಿಸಿದ್ದರೆ ಈ ಪ್ರಶ್ನೆ ಹುಟ್ಟುವುದಿಲ್ಲ.

ಮುದ್ರಿತ ಚಿತ್ರದಲ್ಲಿ ಏನು ಉಳಿಯುತ್ತದೆ, ಏನು ಕಳೆಯುತ್ತದೆ

ಮೂಲ ನೋಡದೆ ಪ್ರಯೋಜನವಿಲ್ಲ ಎಂಬ ಮಾತು ಅರ್ಧ ನಿಜ. ಪುಸ್ತಕದಲ್ಲಿ ರಚನೆ, ಆಕಾರ, ವಸ್ತುವಿವರ, ಕ್ರಮ ಇವು ಚೆನ್ನಾಗಿ ಉಳಿಯುತ್ತವೆ. ಕಳೆದುಹೋಗುವುದು ಗಾತ್ರ, ಮೇಲ್ಮೈ, ಬಣ್ಣದ ನಿಖರತೆ ಮತ್ತು ಶಬ್ದ.

ಗಾತ್ರದ ಮೋಸ ಎಲ್ಲಕ್ಕಿಂತ ದೊಡ್ಡದು. ಲಾರೆನ್ಸ್ ಅವರ ಒಂದು ಫಲಕ ಸುಮಾರು 30 × 46 ಸೆಂಟಿಮೀಟರ್. ಲಾಮ್ ಅವರ ‘ದಿ ಜಂಗಲ್’ ಸುಮಾರು 239 × 230. ವಿಸ್ತೀರ್ಣದಲ್ಲಿ ಇದು ಅದರ ಹೆಚ್ಚುಕಡಿಮೆ 40 ಪಟ್ಟು. ಪುಸ್ತಕದಲ್ಲಿ ಎರಡಕ್ಕೂ ಒಂದೊಂದು ಪುಟ. ಒಂದನ್ನು ಕೈಯಲ್ಲಿ ಹಿಡಿಯಬಹುದು, ಇನ್ನೊಂದರ ಮುಂದೆ ನಿಂತರೆ ಆಕೃತಿಗಳು ನಿಮಗಿಂತ ಎತ್ತರ. ಪರಿಹಾರ ಸುಲಭ: ಚರ್ಚೆಯ ದಿನ ಅಳತೆಪಟ್ಟಿ ಹಿಡಿದು ಗೋಡೆಯ ಮೇಲೆ ಕಾಗದದ ಟೇಪಿನಿಂದ ಮೂಲದ ಅಂಚುಗಳನ್ನು ಗುರುತು ಮಾಡಿ. ಅಡಿಬರಹದಲ್ಲಿ ಎತ್ತರ ಮೊದಲು, ಅಗಲ ಆಮೇಲೆ ಬರೆಯುವುದು ರೂಢಿ, ತಿರುಗಾಮುರುಗಾ ಮಾಡಿಕೊಳ್ಳಬೇಡಿ.

ಚಿತ್ರದ ಅಂಚು ಕತ್ತರಿಸಿದ್ದಾರೋ ಇಲ್ಲವೋ ತಿಳಿಯಲೂ ಇದೇ ಅಳತೆ ಸಾಕು. ಮೂಲ 30.5 × 45.7 ಆದರೆ ಅಗಲ ಎತ್ತರದ ಒಂದೂವರೆ ಪಟ್ಟು. ಪುಟದ ಮೇಲೆ 12 ಸೆಂಟಿಮೀಟರ್ ಎತ್ತರವಿದ್ದರೆ 18 ಅಗಲ ಇರಬೇಕು. 16 ಇದ್ದರೆ ಬದಿಯಲ್ಲಿ ಏನೋ ಹೋಗಿದೆ, ‘ಭಾಗ’ ಎಂದು ಅಡಿಬರಹ ಹೇಳಿರಬೇಕು. ಹೇಳಿಲ್ಲದಿದ್ದರೆ ಆ ಪುಸ್ತಕದ ಉಳಿದ ಚಿತ್ರಗಳನ್ನೂ ನಂಬುವಂತಿಲ್ಲ. ಜರೀನಾ ಹಾಶ್ಮಿ ಅವರ 1999ರ 36 ಮರದಚ್ಚುಗಳ ಸರಣಿಯಲ್ಲಿ ಪ್ರತಿ ರೇಖಾರೂಪದ ಜೊತೆಗೂ ಒಂದು ಉರ್ದು ಪದವಿದೆ. ಅದು ಶೀರ್ಷಿಕೆಯಲ್ಲ, ಕೃತಿಯದೇ ಅಂಗ. ಅಲಿಗಢದಲ್ಲಿ ಹುಟ್ಟಿ ಊರಿಂದೂರಿಗೆ ಬದುಕಿದ ಕಲಾವಿದೆಯ ಮನೆಯ ನೆನಪನ್ನು ಹೇಳುವ ಸರಣಿಯಲ್ಲಿ, ಅಕ್ಷರ ಕತ್ತರಿಸಿ ಬರೀ ರೇಖೆ ಮುದ್ರಿಸಿದರೆ ಅರ್ಧ ಕೃತಿಯೇ ಹೋಯಿತು.

ಬಣ್ಣದ ವಿಷಯ. ಸಾಧಾರಣ ನಾಲ್ಕು ಬಣ್ಣದ ಮುದ್ರಣದಲ್ಲಿ ಉಜ್ವಲ ಕಿತ್ತಳೆ, ಆಳವಾದ ನೀಲಿ, ಕೆಲವು ಹಸಿರುಗಳು ಮೂಲದಷ್ಟು ಹೊಳೆಯಲಾರವು. ಒರಟು ಕಾಗದ ಶಾಯಿ ಹೀರಿಕೊಳ್ಳುವುದರಿಂದ ಕಪ್ಪು ಭಾಗಗಳು ಮಂಕಾಗಿ ಒಳವಿವರ ಮುಚ್ಚಿಹೋಗುತ್ತದೆ. ನುಣುಪು ಕಾಗದದಲ್ಲಿ ಕಪ್ಪು ಚೆನ್ನ, ದೀಪದ ಪ್ರತಿಫಲನ ಕಾಟ. ಎರಡು ಪುಟಕ್ಕೆ ಹರಡಿದ ಚಿತ್ರವಿದ್ದರೆ ಬೈಂಡಿಂಗ್ ನೋಡಿ. ಬರೀ ಗೋಂದಿನಿಂದ ಅಂಟಿಸಿದ ಪುಸ್ತಕ ಪೂರ್ತಿ ಬಿಚ್ಚಿಕೊಳ್ಳದೆ ಚಿತ್ರದ ನಡುಭಾಗ ಮಡಿಕೆಯಲ್ಲಿ ನುಂಗಿಹೋಗುತ್ತದೆ. ದಾರದಲ್ಲಿ ಹೊಲಿದದ್ದು ಬಹುಮಟ್ಟಿಗೆ ಚಪ್ಪಟೆಯಾಗಿ ತೆರೆಯುತ್ತದೆ. ಪುಸ್ತಕದ ಬೆನ್ನನ್ನು ಮೇಲಿನಿಂದ ನೋಡಿದರೆ ಸಣ್ಣ ಸಣ್ಣ ಮಡಿಕೆಗಳ ಗುಂಪು ಕಾಣುವುದು ಹೊಲಿದ ಪುಸ್ತಕದ ಸಾಮಾನ್ಯ ಲಕ್ಷಣ. ದೊಡ್ಡ ಮ್ಯೂಸಿಯಂಗಳ ಜಾಲತಾಣದಲ್ಲಿ ಎಷ್ಟೋ ಮೂಲಗಳ ಒಳ್ಳೆಯ ಚಿತ್ರ ಸಿಗುತ್ತದೆ. ಪುಸ್ತಕದ ಜೊತೆ ಅದನ್ನೂ ತೆರೆದಿಟ್ಟುಕೊಳ್ಳಿ.

ಶಿಲ್ಪ, ಇನ್‌ಸ್ಟಲೇಷನ್‌ಗಳ (ವಸ್ತುಗಳನ್ನು ಜೋಡಿಸಿ ಜಾಗವನ್ನೇ ಕೃತಿಯಾಗಿಸುವ ಕಲೆ) ಸ್ಥಿತಿ ಇನ್ನೂ ಕಷ್ಟ. ಹತೂಮ್ ಅವರ ‘ಹೋಂಬೌಂಡ್’ನಲ್ಲಿ ಅಡುಗೆಮನೆಯ ಪಾತ್ರೆಪಡಗ, ಮೇಜು, ಮಂಚಗಳಿಗೆ ವಿದ್ಯುತ್ ತಂತಿ ಹಾಯಿಸಲಾಗಿದೆ, ದೀಪಗಳು ಹೊತ್ತಿ ಆರುತ್ತಿದ್ದಂತೆ ವಿದ್ಯುತ್ತಿನ ಗುಂಯ್‌ಗುಡುವಿಕೆ ಕೇಳುತ್ತದೆ. ಫೋಟೊದಲ್ಲಿ ಅದು ಸಾಮಾನು ಜೋಡಿಸಿಟ್ಟ ಕೋಣೆ, ಅಷ್ಟೆ. ಶಬ್ದ, ಸಮಯ, ನೋಡುಗ ನಿಲ್ಲಬೇಕಾದ ಜಾಗ ಇವನ್ನು ಮಾತಿನಲ್ಲಿ ಕಟ್ಟಿಕೊಡುವ ಲೇಖಕರಿದ್ದರೆ ಮಾತ್ರ ಅಂಥ ಕೃತಿಗಳ ಪುಸ್ತಕ ತೆಗೆದುಕೊಳ್ಳಿ.

ಅಂಗಡಿಯಲ್ಲೋ ಗ್ರಂಥಾಲಯದಲ್ಲೋ ಇಪ್ಪತ್ತು ನಿಮಿಷ

ಮುನ್ನುಡಿಯಿಂದ ಶುರುಮಾಡಬೇಡಿ; ಹಿಂದಿನಿಂದ ಬನ್ನಿ. ಮೊದಲು ಪದಸೂಚಿ. ಅಲ್ಲಿ ಗುರುಗಳು, ಗ್ಯಾಲರಿಗಳು, ಊರುಗಳು, ಸಾಮಗ್ರಿಗಳ ಹೆಸರುಗಳಿದ್ದರೆ ಲೇಖಕರು ನೆಲದ ಮೇಲೆ ನಡೆದಿದ್ದಾರೆ ಎಂದರ್ಥ. ಬರೀ ಪರಿಕಲ್ಪನೆಗಳೇ ಇದ್ದರೆ ಎಚ್ಚರ. ಪದಸೂಚಿಯೇ ಇಲ್ಲದ 300 ಪುಟದ ಅಧ್ಯಯನ ಗ್ರಂಥ ಗುಂಪಿನ ಚರ್ಚೆಗೆ ಒದಗುವುದಿಲ್ಲ. ಯಾವ ಪುಟ ಎಂದು ಹುಡುಕುವುದರಲ್ಲೇ ಸಂಜೆ ಕಳೆಯುತ್ತದೆ.

ನಂತರ ಕಾಲಾನುಕ್ರಮಣಿಕೆ. ಕಲಾವಿದರ ಓಡಾಟ ಮತ್ತು ಕೃತಿಗಳ ವರ್ಷ ಒಂದೇ ಪಟ್ಟಿಯಲ್ಲಿವೆಯೇ? ಊರುಗಳ ಆಗಿನ ಹೆಸರು, ಈಗಿನ ದೇಶ ಕೊಟ್ಟಿದ್ದಾರೆಯೇ? ಶಗಾಲ್ ಹುಟ್ಟಿದಾಗ ವಿಟೆಬ್ಸ್ಕ್ ರಷ್ಯನ್ ಸಾಮ್ರಾಜ್ಯದಲ್ಲಿತ್ತು, ಇಂದು ಬೆಲಾರೂಸ್‌ನಲ್ಲಿದೆ. ಗೋರ್ಕಿಯ ಊರು ಇಂದಿನ ಟರ್ಕಿಯಲ್ಲಿದೆ. ಶೇರ್ಗಿಲ್ 1941ರಲ್ಲಿ ತೀರಿಕೊಂಡ ಲಾಹೋರ್ ಆಗ ಅವಿಭಜಿತ ಭಾರತ. ‘ರಷ್ಯನ್ ಕಲಾವಿದ’, ‘ಫ್ರೆಂಚ್ ಕಲಾವಿದ’ ಎಂಬ ಒಂದು ಪದದ ಗುರುತಿಗೆ ಈ ಪಟ್ಟಿಯೇ ಉತ್ತರ. ಕಲಾವಿದರು ಎಲ್ಲೂ ಹೋಗದೆ ಗಡಿಯೇ ಅವರ ಮೇಲೆ ಹಾದುಹೋದ ಪ್ರಸಂಗಗಳೂ ಇಲ್ಲಿ ಹೊರಬೀಳುತ್ತವೆ.

ಮೂರನೆಯದಾಗಿ ಯಾವುದಾದರೂ ಮೂರು ಚಿತ್ರಗಳ ಅಡಿಬರಹ. ಹೆಸರು, ವರ್ಷ, ಸಾಮಗ್ರಿ, ಅಳತೆ, ಇರುವ ಜಾಗ ಐದೂ ಇರಬೇಕು. ಬಳಿಕ ಆ ಮೂರೂ ಚಿತ್ರಗಳ ಬಗ್ಗೆ ಪಠ್ಯ ಏನು ಹೇಳುತ್ತದೆ ಓದಿ. ಚಿತ್ರದಲ್ಲಿ ನಿಮ್ಮ ಕಣ್ಣಿಗೆ ಬೀಳದಿದ್ದ ಒಂದಾದರೂ ಸಂಗತಿಯನ್ನು ಅದು ತೋರಿಸಿದರೆ ಪುಸ್ತಕ ಗೆದ್ದಿತು. ಕೊನೆಗೆ ಕೃತಜ್ಞತೆ ಮತ್ತು ಹಕ್ಕುಸ್ವಾಮ್ಯದ ಪುಟ: ಹಣ ಯಾರದು, ಚಿತ್ರಗಳಿಗೆ ಅನುಮತಿ ಕೊಟ್ಟವರು ಯಾರು.

ಈ ಕೊನೆಯ ಪುಟ ಏಕೆ ಮುಖ್ಯ ಎಂದರೆ, ಚಿತ್ರವನ್ನು ಕೊಂಡವರಿಗೆ ಅದರ ಹಕ್ಕುಸ್ವಾಮ್ಯ ಸಾಮಾನ್ಯವಾಗಿ ಹೋಗುವುದಿಲ್ಲ. ಅದು ಕಲಾವಿದರಲ್ಲೇ, ಅವರ ನಂತರ ವಾರಸುದಾರರಲ್ಲೇ ಉಳಿಯುತ್ತದೆ. ಭಾರತದಲ್ಲಿ ಮರಣಾನಂತರ 60 ವರ್ಷ, ಯುರೋಪಿನ ದೇಶಗಳಲ್ಲಿ 70. ಪುಸ್ತಕದಲ್ಲಿ ಚಿತ್ರ ಹಾಕಲು ಅವರ ಒಪ್ಪಿಗೆ ಬೇಕು, ಶುಲ್ಕವೂ ಇರಬಹುದು. ಕಟುವಾಗಿ ಬರೆಯುವವರಿಗೆ ಒಪ್ಪಿಗೆ ಸುಲಭವಾಗಿ ಸಿಗದಿರಬಹುದು. ಹೀಗಾಗಿ ಚಿತ್ರ ಹೇರಳವಾಗಿರುವ ಪುಸ್ತಕ ಕೆಲವೊಮ್ಮೆ ಮೃದು, ವಿಮರ್ಶೆ ಮೊನಚಾಗಿರುವ ಪುಸ್ತಕದಲ್ಲಿ ಹತ್ತೇ ಚಿತ್ರ, ಅವೂ ಕಪ್ಪುಬಿಳುಪು. ಒಂದೇ ಪುಸ್ತಕದಲ್ಲಿ ಎರಡೂ ಸಿಗಲಿ ಎಂದು ಕಾಯುವ ಬದಲು ಅವನ್ನು ಜೋಡಿಸಿ ಓದುವುದು ಜಾಣತನ.

ಯಾವ ಬಗೆಯ ಪುಸ್ತಕಕ್ಕೆ ಯಾವ ಅಪಾಯ

ಪ್ರದರ್ಶನದ ಕ್ಯಾಟಲಾಗಿನಲ್ಲಿ ಮುದ್ರಣ ಚೆನ್ನ, ಅಳತೆ-ವರ್ಷಗಳು ನಿಖರ. ಆದರೆ ಅದು ಪ್ರದರ್ಶನ ತೆರೆಯುವ ಮುನ್ನವೇ ಅಚ್ಚಾಗಬೇಕಾದ್ದರಿಂದ ಕೃತಿಗಳನ್ನು ಗೋಡೆಗೆ ಹೇಗೆ ತೂಗುಹಾಕಿದರು, ಜನ ಏನೆಂದರು ಎಂಬುದು ಅದರಲ್ಲಿರುವುದು ಅಪರೂಪ. ಮಾರಾಟದ ಗ್ಯಾಲರಿ ಹೊರತಂದದ್ದಾದರೆ ಹೊಗಳಿಕೆಗೆ ಒಂದಿಷ್ಟು ಕಳೆದು ಓದಿ. ಒಬ್ಬ ಕಲಾವಿದರ ಮೇಲಿನ ಗ್ರಂಥದಲ್ಲಿ ಆಳ ಸಿಗುತ್ತದೆ. ಬದುಕಿನ ಘಟನೆಯನ್ನೇ ಪ್ರತಿ ಚಿತ್ರಕ್ಕೂ ಕಾರಣವೆಂದು ತೋರಿಸುವ ಚಟ ಅಲ್ಲಿ ಹೆಚ್ಚು. ಪತ್ರ, ದಿನಚರಿ, ಆತ್ಮಕಥನಗಳು ಓದಲು ರುಚಿಕರ. ಅನುವಾದಕರು ಯಾರು, ಮೂಲ ಎಲ್ಲಿದೆ, ಯಾರು ಬಿಟ್ಟು ಯಾರು ಸೇರಿಸಿದರು ಎಂಬುದಿಲ್ಲದಿದ್ದರೆ ಗೋರ್ಕಿಯ ಪತ್ರಗಳ ಗತಿಯೇ. ಪ್ರಬಂಧ ಸಂಕಲನದಲ್ಲಿ ಗುಣಮಟ್ಟ ಏರುಪೇರು, ಎಲ್ಲ ಓದುವ ಹಟ ಬೇಡ. ಚಿತ್ರಕಥೆ (ಗ್ರಾಫಿಕ್ ನಾವೆಲ್) ರೂಪದ ವಲಸೆಯ ಕಥನಗಳನ್ನು ಕಡೆಗಣಿಸಬೇಡಿ. ಕಾದಂಬರಿ ಓದಿ ಬಂದ ಬಳಗಕ್ಕೆ ಚಿತ್ರ ಓದುವ ಅಭ್ಯಾಸ ಮಾಡಿಸಲು ಅದಕ್ಕಿಂತ ಒಳ್ಳೆಯ ಮೆಟ್ಟಿಲಿಲ್ಲ.

ಸಿದ್ಧಾಂತ ಮೊದಲು ಬೇಡ ಎಂಬುದು ನನ್ನ ಖಚಿತ ಅಭಿಪ್ರಾಯ. ‘ಡಯಾಸ್ಪೊರಾ’ (ತಾಯ್ನಾಡಿನಿಂದ ಚದುರಿ ನೆಲೆಸಿದ ಸಮುದಾಯ), ‘ಹೈಬ್ರಿಡಿಟಿ’ (ಸಂಸ್ಕೃತಿಗಳ ಬೆರಕೆ) ಇಂಥ ಪದಗಳು ಮೊದಲೇ ಕೈಗೆ ಸಿಕ್ಕರೆ ಪ್ರತಿ ಚಿತ್ರಕ್ಕೂ ಅದನ್ನೇ ಅಂಟಿಸಿ ಮಾತು ಮುಗಿಸುವ ಅಪಾಯವಿದೆ. ನಾಲ್ಕು ತಿಂಗಳು ಚಿತ್ರ ನೋಡಿ ತಕರಾರು ಮಾಡಿಕೊಂಡ ಮೇಲೆ ಅದೇ ಪದಗಳು ಉಪಯೋಗಕ್ಕೆ ಬರುತ್ತವೆ, ಏಕೆಂದರೆ ಆಗ ಅವನ್ನು ಪರೀಕ್ಷಿಸಲು ನಿಮ್ಮ ಬಳಿ ಉದಾಹರಣೆಗಳಿರುತ್ತವೆ.

ಆರು ತಿಂಗಳನ್ನು ನಾನು ಹೀಗೆ ಹಂಚುತ್ತೇನೆ. ಮೊದಲ ತಿಂಗಳು ಚಿತ್ರಕಥೆ. ಎರಡನೆಯದು ಲಾರೆನ್ಸ್ ಅವರ ಸರಣಿಯನ್ನು 60 ಫಲಕಗಳೂ ಇರುವಂತೆ ಮುದ್ರಿಸಿದ ಪುಸ್ತಕ. ಬೆಸ ಸಂಖ್ಯೆಯವು ವಾಷಿಂಗ್ಟನ್ನಿನ ಫಿಲಿಪ್ಸ್ ಕಲೆಕ್ಷನ್‌ನಲ್ಲಿ, ಸಮ ಸಂಖ್ಯೆಯವು ನ್ಯೂಯಾರ್ಕಿನ ಆಧುನಿಕ ಕಲಾ ಮ್ಯೂಸಿಯಂನಲ್ಲಿ ಇರುವುದರಿಂದ ಒಂದೇ ಸಂಸ್ಥೆಯ ಪುಸ್ತಕದಲ್ಲಿ ಅರ್ಧವೇ ಸಿಗುವ ಸಂಭವವಿದೆ. ಅಡಿಬರಹಗಳನ್ನು ಲಾರೆನ್ಸ್ 1993ರಲ್ಲಿ ತಾವೇ ತಿದ್ದಿದರು; ಪುಸ್ತಕ ಹಳೆಯ ಅಡಿಬರಹ ಕೊಟ್ಟಿದೆಯೋ ತಿದ್ದಿದ್ದೋ ನೋಡಿ, ಎರಡೂ ಸಿಕ್ಕರೆ ಹೋಲಿಸಿ. ಮೂರು ಮತ್ತು ನಾಲ್ಕನೆಯ ತಿಂಗಳು ಒಬ್ಬರೇ ಕಲಾವಿದರ ಮೇಲೆ ಎರಡು ಪುಸ್ತಕ: ಒಂದು ಕ್ಯಾಟಲಾಗ್, ಇನ್ನೊಂದು ಹೊರಗಿನ ವಿಮರ್ಶಕರದು ಅಥವಾ ಪತ್ರಸಂಗ್ರಹ. ಒಳಗಿನವರೋ ಹೊರಗಿನವರೋ ಎಂಬ ನಿಮ್ಮ ಜಗಳ ಇತ್ಯರ್ಥವಾಗುವುದು ಇಲ್ಲಿ. ಐದನೆಯದು ಹಲವು ಕಲಾವಿದರ ಸಂಕಲನ, ಆರನೆಯದು ಸಿದ್ಧಾಂತ, ಅದೂ ಎರಡು ಮೂರು ಪ್ರಬಂಧ ಮಾತ್ರ.

ಪ್ರತಿ ಸಭೆಯಲ್ಲಿ ಮೊದಲ ಹದಿನೈದು ನಿಮಿಷ ಒಂದೇ ಚಿತ್ರ, ಅಡಿಬರಹ ಮುಚ್ಚಿ, ಮಾತಿಲ್ಲದೆ. ಕಂಡದ್ದನ್ನು ಬರೆದುಕೊಳ್ಳಲಿ, ‘ನೋವು’, ‘ಹಂಬಲ’ ಎಂಬ ಪದಗಳಿಗೆ ಅಂದು ರಜೆ. ಆಮೇಲೆ ಅಡಿಬರಹ ತೆರೆಯಿರಿ, ಆಮೇಲೆ ಪಠ್ಯ. ಈ ಕ್ರಮ ತಪ್ಪಿ ಮೊದಲೇ ಜೀವನಚರಿತ್ರೆ ಓದಿ ಬಂದವರು ಚಿತ್ರದಲ್ಲಿ ಅದನ್ನೇ ಹುಡುಕುತ್ತಾರೆ, ಸಿಕ್ಕಿತು ಎಂದೂ ಹೇಳುತ್ತಾರೆ. ಹನ್ನೆರಡು ಜನರಿಗೆ ಹನ್ನೆರಡು ಪ್ರತಿ ಕೊಳ್ಳುವ ಅಗತ್ಯವಿಲ್ಲ: ದುಬಾರಿ ಚಿತ್ರಪುಸ್ತಕದ ಎರಡು ಪ್ರತಿ ಗ್ರಂಥಾಲಯದಿಂದ ತಂದು ಸಭೆಯಲ್ಲಿ ತೆರೆದಿಡಿ, ಪಠ್ಯ ಹೆಚ್ಚಿರುವ ಅಗ್ಗದ ಆವೃತ್ತಿಯನ್ನು ಎಲ್ಲರೂ ಮನೆಯಲ್ಲಿ ಓದಿ ಬರಲಿ. ಹಳೆಯ ಪ್ರತಿ ಕೊಳ್ಳುವಾಗ ಬಣ್ಣದ ಪುಟಗಳನ್ನು ಎಣಿಸಿ, ಚಿತ್ರಗಳ ಪಟ್ಟಿಯ ಜೊತೆ ತಾಳೆ ನೋಡಿ. ಚೌಕಟ್ಟು ಹಾಕಿಸಿಕೊಳ್ಳಲೆಂದು ಯಾರೋ ಪುಟ ಹರಿದುಕೊಂಡಿರುವುದು ಕಲಾಪುಸ್ತಕಗಳಲ್ಲಿ ಮಾಮೂಲು.